ಮುಖವಾಡದ ವೀರರು ಮತ್ತು ನಾನು ಸುಟ್ಟ ಒಂದು ಪುಸ್ತಕ

ಕಳೆದ ವರ್ಷ ಕಣ್ಣಿನ ಪೊರೆಯ ಶಸ್ತ್ರಚಿಕಿತ್ಸೆಗೆಂದು ಬೆಂಗಳೂರಿನಲ್ಲಿರುವ ಮಗಳ ಮನೆಗೆ ಹೋಗಿದ್ದೆ. ಕೆಲವು ದಿನ ಓದಬಾರದೆಂದು ವೈದ್ಯರು ಕಟ್ಟಪ್ಪಣೆ ಮಾಡಿದ್ದರು. ಚಿಕ್ಕಂದಿನಿಂದಲೂ ಓದನ್ನೇ ಉಸಿರಾಗಿಸಿಕೊಂಡವನಿಗೆ ಇದಕ್ಕಿಂತ ಕಠಿಣವಾದ ಪಥ್ಯ ಬೇರೊಂದಿಲ್ಲ. ನನ್ನ ಚಡಪಡಿಕೆಯನ್ನು ಕಂಡ ಹನ್ನೊಂದು ವರ್ಷದ ಮೊಮ್ಮಗ, "ಅಜ್ಜಾ, ನಾ ಓದಿ ಹೇಳ್ತೀನಿ, ನೀವು ಕೇಳ್ರಿ" ಎಂದು ತನ್ನ ಪುಸ್ತಕಗಳ ರಾಶಿಯನ್ನು ಮಂಚದ ಮೇಲೆ ಸುರುವಿದ.

ಅವೆಲ್ಲ ಅಮೆರಿಕದ ಕಾಮಿಕ್ಸ್ ಪುಸ್ತಕಗಳು. ಆಕಾಶದಲ್ಲಿ ಹಾರುವವರು, ಗೋಡೆ ಏರುವವರು, ಮುಖವಾಡ ಧರಿಸಿ ಇರುಳಿನಲ್ಲಿ ಸಂಚರಿಸುವವರು, ಹೀಗೆ ಅದೊಂದು ವಿಚಿತ್ರ ಪ್ರಪಂಚ. ಮಠದ ಪಾಠಶಾಲೆಯಲ್ಲಿ ವ್ಯಾಕರಣ, ಕಾವ್ಯ, ಶಾಸ್ತ್ರಗಳನ್ನು ಕಂಠಸ್ಥ ಮಾಡಿ ಬೆಳೆದ ನನಗೆ ಇಂತಹ ಪುಸ್ತಕಗಳ ಬಗೆಗೆ ಮೊದಲಿನಿಂದಲೂ ತಾತ್ಸಾರವಿದ್ದಿತು. ಆದರೂ ಬಾಲಕನ ಉತ್ಸಾಹಕ್ಕೆ ಭಂಗ ತರಬಾರದೆಂದು ಕಿವಿಗೊಟ್ಟು ಕುಳಿತೆ.

ಅವನು ಮೊದಲು ಓದಿದ್ದು ಸ್ಪೈಡರ್‌ಮ್ಯಾನ್ ಎಂಬ ವೀರನ ಮೂಲ ಕಥೆಯನ್ನು. ಸ್ಟ್ಯಾನ್ ಲೀ ಮತ್ತು ಸ್ಟೀವ್ ಡಿಟ್ಕೋ ಎಂಬ ಇಬ್ಬರು 1962ರಲ್ಲಿ ಸೃಷ್ಟಿಸಿದ ಪಾತ್ರವಿದು. ಪೀಟರ್ ಪಾರ್ಕರ್ ತಂದೆತಾಯಿಗಳಿಲ್ಲದ ಹುಡುಗ. ದೊಡ್ಡಪ್ಪ ದೊಡ್ಡಮ್ಮಂದಿರ ಆಶ್ರಯದಲ್ಲಿ ಬೆಳೆಯುತ್ತಿರುವವನು. ವಿಕಿರಣಕ್ಕೊಳಗಾದ ಜೇಡವೊಂದು ಕಚ್ಚಿದುದರಿಂದ ಅವನಿಗೆ ಅಸಾಧಾರಣ ಶಕ್ತಿ ಬರುತ್ತದೆ. ಆ ಶಕ್ತಿಯಿಂದ ಹಣ, ಹೆಸರು ಗಳಿಸುವ ಹುಮ್ಮಸ್ಸಿನಲ್ಲಿ, ಕಣ್ಣೆದುರೇ ಓಡಿಹೋಗುತ್ತಿದ್ದ ಕಳ್ಳನನ್ನು ತನಗೇಕೆಂದು ಬಿಟ್ಟುಬಿಡುತ್ತಾನೆ. ಮುಂದೆ ಅದೇ ಕಳ್ಳನ ಗುಂಡಿಗೆ ಅವನನ್ನು ಸಾಕಿದ ದೊಡ್ಡಪ್ಪ ಬಲಿಯಾಗುತ್ತಾನೆ. ಶಕ್ತಿಯುಳ್ಳವನಿಗೆ ಹೊಣೆಯೂ ಉಂಟೆಂಬ ಅರಿವು ಆ ಹುಡುಗನಿಗಾಗುವುದು ಆಗಲೇ.

ಮೊಮ್ಮಗ ಪುಟ ಮಗುಚುತ್ತಿದ್ದ. ನನ್ನ ಮನಸ್ಸು ಮಾತ್ರ ಅಲ್ಲಿರಲಿಲ್ಲ. ಅದು 1988ನೆಯ ಇಸವಿಗೆ ಹೋಗಿ ನಿಂತಿತ್ತು.

ಆಗ ನಾನು ಒಂದು ಮಠದ ಪ್ರಸಾದ ನಿಲಯದಲ್ಲಿ ಮೇಲ್ವಿಚಾರಕನಾಗಿದ್ದೆ. ಮೂವತ್ತು ತುಂಬದ ವಯಸ್ಸು. ಶಿಸ್ತೆಂದರೆ ಬಿಗಿ ಎಂದೇ ತಿಳಿದಿದ್ದ ಕಾಲ. ಒಂದು ಸಂಜೆ ಪ್ರಾರ್ಥನೆ ಮುಗಿದು ವಿದ್ಯಾರ್ಥಿಗಳು ಓದಲು ಕುಳಿತಿದ್ದಾಗ, ಏಳನೆಯ ತರಗತಿಯ ಒಬ್ಬ ಹುಡುಗ ವ್ಯಾಕರಣ ಪುಸ್ತಕದ ನಡುವೆ ಬೇರೇನನ್ನೋ ಇಟ್ಟುಕೊಂಡು ಓದುತ್ತಿದ್ದುದು ಕಣ್ಣಿಗೆ ಬಿತ್ತು. ಅದು ಇಂದ್ರಜಾಲ ಕಾಮಿಕ್ಸ್ ಮಾಲೆಯ ಒಂದು ಪುಸ್ತಕ. ಫ್ಯಾಂಟಮ್ ಎಂಬ ಮುಖವಾಡದ ವೀರನ ಕಥೆ. ಎಲ್ಲರೆದುರು ಅದನ್ನು ಕಸಿದುಕೊಂಡೆ. ಸ್ನಾನದ ನೀರು ಕಾಯುತ್ತಿದ್ದ ಹಂಡೆಯ ಒಲೆಗೆ ಹಾಕಿದೆ. ಉಳಿದ ಹುಡುಗರು ನಕ್ಕರು. ಅವನು ಅಳಲಿಲ್ಲ, ಮಾತನಾಡಲೂ ಇಲ್ಲ.

ಯುಗಾದಿಯ ರಜೆಗೆ ಅವನನ್ನು ಕರೆದೊಯ್ಯಲು ತಾಯಿ ಬಂದಿದ್ದರು. ಹೊರಡುವ ಮುನ್ನ ಸಂಕೋಚದಿಂದಲೇ ಹೇಳಿದರು: "ತಪ್ಪ ತಿಳಕೋಬ್ಯಾಡ್ರಿ ಸರ. ಅವರಪ್ಪ ತೀರಿಕೊಳ್ಳೂಕಿಂತ ಮೊದಲ ಹುಬ್ಬಳ್ಳಿ ಸ್ಟ್ಯಾಂಡಿನಾಗ ಕೊಡಿಸಿದ ಪುಸ್ತಕರಿ ಅದು. ತಲಿದಿಂಬಿನ ಕೆಳಗ ಇಟಗೊಂಡ ಮಲಗತಿದ್ದ." ನನ್ನಲ್ಲಿ ಉತ್ತರವಿರಲಿಲ್ಲ. ಶಿಸ್ತಿನ ಬಗೆಗೆ ಏನೋ ಎರಡು ಮಾತನಾಡಿ ಅವರನ್ನು ಬೀಳ್ಕೊಟ್ಟೆ. ಆ ಪುಸ್ತಕದಲ್ಲಿ ಏನಿತ್ತೆಂದು ನೋಡುವ ಕುತೂಹಲ ಮಾತ್ರ ಮುಂದೆಯೂ ನನಗುಂಟಾಗಲಿಲ್ಲ.

ಕಣ್ಣು ವಾಸಿಯಾದ ಮೇಲೆ ಮೊಮ್ಮಗನ ಪುಸ್ತಕಗಳನ್ನೂ ಅವುಗಳ ಚರಿತ್ರೆಯನ್ನೂ, ಶಾಸ್ತ್ರಗ್ರಂಥವೊಂದನ್ನು ಓದುವ ಶ್ರದ್ಧೆಯಿಂದಲೇ ಓದಿದೆ. ಓದಿದಂತೆಲ್ಲ ನನ್ನ ತಾತ್ಸಾರಕ್ಕೆ ಬುಡವೇ ಇಲ್ಲವೆಂಬುದು ಮನವರಿಕೆಯಾಯಿತು.

ಇವರೆಲ್ಲರಿಗೂ ಹಿರಿಯನೆನ್ನಬಹುದಾದ ಸೂಪರ್‌ಮ್ಯಾನ್ ಹುಟ್ಟಿದ್ದು ಅಮೆರಿಕದ ಓಹಾಯೋ ರಾಜ್ಯದ ಕ್ಲೀವ್‌ಲ್ಯಾಂಡ್ ನಗರದಲ್ಲಿ. ಜೆರ್ರಿ ಸೀಗಲ್ ಕಥೆ ಬರೆಯುವವ, ಜೋ ಶೂಸ್ಟರ್ ಚಿತ್ರ ಬಿಡಿಸುವವ. ಇಬ್ಬರೂ 1914ರಲ್ಲಿ ಜನಿಸಿದವರು, ಒಂದೇ ಪ್ರೌಢಶಾಲೆಯಲ್ಲಿ ಓದಿದವರು, ಯುರೋಪಿನಿಂದ ವಲಸೆ ಬಂದ ಯಹೂದಿ ಕುಟುಂಬಗಳ ಮಕ್ಕಳು. ಮಹಾ ಆರ್ಥಿಕ ಕುಸಿತದಿಂದ ದೇಶಕ್ಕೆ ದೇಶವೇ ತತ್ತರಿಸಿದ್ದ ದಿನಗಳವು. ಸೀಗಲ್‌ನ ತಂದೆ ಹಳೆಯ ಬಟ್ಟೆಗಳ ಅಂಗಡಿ ಇಟ್ಟುಕೊಂಡಿದ್ದರು. 1932ರಲ್ಲಿ ಆ ಅಂಗಡಿಯಲ್ಲಿ ದರೋಡೆ ನಡೆದಾಗ ಅವರು ಹೃದಯಾಘಾತದಿಂದ ಕುಸಿದು ತೀರಿಕೊಂಡರು. ಮಗನಿಗೆ ಆಗ ಹದಿನೇಳು ವರ್ಷ. ದರೋಡೆಕೋರರಿಗೆ ಅಂಜದ, ಯಾವ ಆಯುಧಕ್ಕೂ ಬಗ್ಗದ ವೀರನೊಬ್ಬನ ಕಲ್ಪನೆಗೂ ಈ ಸಾವಿಗೂ ನಂಟಿದೆಯೆಂದು ಅನೇಕರು ಊಹಿಸಿದ್ದಾರೆ. ಊಹೆ ಊಹೆಯೇ ಸರಿ. ಆದರೆ ತಂದೆಯನ್ನು ಕಳೆದುಕೊಂಡ ಹುಡುಗನೊಬ್ಬನೇ ಆ ವೀರನನ್ನು ಕಲ್ಪಿಸಿದನೆಂಬುದು ಊಹೆಯಲ್ಲ.

1938ರ ಜೂನ್ ತಿಂಗಳ ದಿನಾಂಕ ಹೊತ್ತು ಬಂದ ಆಕ್ಷನ್ ಕಾಮಿಕ್ಸ್ ಪತ್ರಿಕೆಯ ಮೊದಲ ಸಂಚಿಕೆಯಲ್ಲಿ ಸೂಪರ್‌ಮ್ಯಾನ್ ಕಾಣಿಸಿಕೊಂಡ. ಬೆಲೆ 10 ಸೆಂಟು. ನಾಶವಾಗುತ್ತಿರುವ ಗ್ರಹವೊಂದರಿಂದ ಭೂಮಿಗೆ ಬಂದು ಸೇರಿದ ಶಿಶು ಅವನು. ಒಂದು ಅರ್ಥದಲ್ಲಿ ಅವನೂ ವಲಸಿಗನೇ. ಆ ಮೊದಲ ಕಥೆಯಲ್ಲಿ ಅವನು ಮಾಡುವ ಕಾರ್ಯಗಳನ್ನು ಓದುಗ ಬಂಧುಗಳು ಗಮನಿಸಬೇಕು. ಮಾಡದ ಕೊಲೆಗೆ ಮರಣದಂಡನೆ ಹೊಂದಲಿದ್ದ ಹೆಂಗಸನ್ನು ಉಳಿಸುತ್ತಾನೆ. ಹೆಂಡತಿಯನ್ನು ಬಡಿಯುತ್ತಿದ್ದ ಗಂಡನನ್ನು ತಡೆಯುತ್ತಾನೆ. ಭ್ರಷ್ಟ ರಾಜಕಾರಣದ ಜಾಡು ಹಿಡಿಯುತ್ತಾನೆ. ಬಡವರ ಓಣಿಯ ಹುಡುಗರು ಕಂಡ ನ್ಯಾಯದ ಕನಸಿದು. ಇಷ್ಟೆಲ್ಲ ಬಲವಿದ್ದೂ ಅವನು ಸಾಮಾನ್ಯನ ವೇಷದಲ್ಲಿ ಪತ್ರಿಕೆಯೊಂದರ ವರದಿಗಾರನಾಗಿ ದುಡಿದು ಉಣ್ಣುತ್ತಾನೆ. ಕಾಯಕದ ಮಾತು ಕೇಳಿ ಬೆಳೆದ ನನಗೆ ಇದು ಬಹಳ ಹಿಡಿಸಿತು.

ಕಥೆಯಲ್ಲಿ ದೀನರನ್ನು ಕಾಯ್ದ ಈ ವೀರ ತನ್ನನ್ನು ಸೃಷ್ಟಿಸಿದವರನ್ನು ಕಾಯಲಾರದೆ ಹೋದುದು ವಿಪರ್ಯಾಸ. ಸೀಗಲ್ ಮತ್ತು ಶೂಸ್ಟರ್ ಸೂಪರ್‌ಮ್ಯಾನಿನ ಸಂಪೂರ್ಣ ಹಕ್ಕನ್ನು 130 ಡಾಲರುಗಳಿಗೆ ಬರೆದುಕೊಟ್ಟಿದ್ದರು. ಪ್ರಕಾಶಕರು ಸಿರಿವಂತರಾದರು. 1947ರಲ್ಲಿ ಇವರು ನ್ಯಾಯಾಲಯದ ಮೆಟ್ಟಿಲು ಹತ್ತಿದರೂ ಸೂಪರ್‌ಮ್ಯಾನಿನ ಹಕ್ಕು ಮರಳಿ ದೊರೆಯಲಿಲ್ಲ. ಪುಸ್ತಕಗಳಿಂದ ಇವರ ಹೆಸರೂ ಮರೆಯಾಯಿತು. ಕಡೆಗೆ 1975ರಲ್ಲಿ, ಶೂಸ್ಟರ್‌ಗೆ ಕಣ್ಣು ಬಹುಮಟ್ಟಿಗೆ ಕಾಣದಂತಾಗಿದ್ದ ಕಾಲದಲ್ಲಿ, ಸಾರ್ವಜನಿಕರ ಒತ್ತಾಯಕ್ಕೆ ಮಣಿದು ಸಂಸ್ಥೆಯವರು ಒಬ್ಬೊಬ್ಬರಿಗೂ ವರ್ಷಕ್ಕೆ 20,000 ಡಾಲರುಗಳ ವೇತನ ಗೊತ್ತುಮಾಡಿ, ಹೆಸರನ್ನೂ ಮರಳಿ ಅಚ್ಚಿಸಲು ಒಪ್ಪಿದರು. 10 ಸೆಂಟಿನ ಆ ಸಂಚಿಕೆಯ ಒಂದು ಪ್ರತಿ 2014ರಲ್ಲಿ 32 ಲಕ್ಷ ಡಾಲರುಗಳಿಗೂ ಮಿಕ್ಕಿ ಮಾರಾಟವಾಯಿತು. ಅದನ್ನು ಕಾಣಲು ಇಬ್ಬರೂ ಬದುಕಿರಲಿಲ್ಲ.

ಅವರ ಹಿಂದೆಯೇ ಇತರರು ಬಂದರು. 1939ರಲ್ಲಿ ಬಂದ ಬ್ಯಾಟ್‌ಮ್ಯಾನ್ ಬಾಲ್ಯದಲ್ಲಿ ಕಣ್ಣೆದುರೇ ತಂದೆತಾಯಿಗಳ ಕೊಲೆಯನ್ನು ಕಂಡವನು. 1941ರಲ್ಲಿ ಮನಶ್ಶಾಸ್ತ್ರಜ್ಞ ವಿಲಿಯಂ ಮಾರ್ಸ್ಟನ್ ಸೃಷ್ಟಿಸಿದ ವಂಡರ್ ವುಮನ್, ವೀರತ್ವ ಗಂಡಸರ ಸೊತ್ತಲ್ಲವೆಂದು ತೋರಿದಳು; ಅವಳ ಹಗ್ಗದಲ್ಲಿ ಸಿಲುಕಿದವರು ಸತ್ಯವನ್ನೇ ನುಡಿಯಬೇಕು. ಜೋ ಸೈಮನ್ ಮತ್ತು ಜ್ಯಾಕ್ ಕರ್ಬಿ ಎಂಬ ಯಹೂದಿ ತರುಣರು ತಮ್ಮ ಕ್ಯಾಪ್ಟನ್ ಅಮೆರಿಕ ಹಿಟ್ಲರನ ದವಡೆಗೆ ಗುದ್ದುತ್ತಿರುವ ಮುಖಪುಟವನ್ನು 1940ರ ಡಿಸೆಂಬರಿನಲ್ಲಿಯೇ ಹೊರತಂದರು. ಅಮೆರಿಕ ಮಹಾಯುದ್ಧಕ್ಕಿಳಿಯಲು ಇನ್ನೂ ಒಂದು ವರ್ಷವಿತ್ತು. ದೊಡ್ಡವರು ಇನ್ನೂ ಅಳೆದು ತೂಗುತ್ತಿದ್ದ ಮಾತನ್ನು ಮಕ್ಕಳ ಪುಸ್ತಕವೊಂದು ನೇರವಾಗಿ ಆಡಿತ್ತು.

ಮುಂದಿನ ಒಂದು ಪ್ರಕರಣವನ್ನು ಓದಿದಾಗ ನನ್ನ ಕೈ ಕ್ಷಣಕಾಲ ತಡೆಯಿತು. 1948ರಲ್ಲಿ ವೆಸ್ಟ್ ವರ್ಜೀನಿಯದ ಸ್ಪೆನ್ಸರ್, ನ್ಯೂಯಾರ್ಕ್ ರಾಜ್ಯದ ಬಿಂಗ್ಯಾಮ್ಟನ್ ಮುಂತಾದ ಊರುಗಳಲ್ಲಿ ಮಕ್ಕಳ ಕೈಯಿಂದಲೇ ಕಾಮಿಕ್ಸ್ ಪುಸ್ತಕಗಳನ್ನು ರಾಶಿ ಹಾಕಿಸಿ ಸುಡಲಾಯಿತು. ಹಿಟ್ಲರನ ಜನ ಪುಸ್ತಕ ಸುಟ್ಟು ಹದಿನೈದೇ ವರ್ಷಗಳಾಗಿದ್ದವು. 1954ರಲ್ಲಿ ಫ್ರೆಡ್ರಿಕ್ ವರ್ಥಮ್ ಎಂಬ ಮನೋವೈದ್ಯರು, ಬಾಲಾಪರಾಧಗಳಿಗೆ ಇಂತಹ ಪುಸ್ತಕಗಳೂ ಒಂದು ಕಾರಣವೆಂದು ಗ್ರಂಥವನ್ನೇ ರಚಿಸಿದರು. ಸೆನೆಟ್ ಸಮಿತಿಯ ಎದುರು ಸಾಕ್ಷ್ಯ ನುಡಿದರು. ಬೆದರಿದ ಪ್ರಕಾಶಕರು ಅದೇ ವರ್ಷ ತಮಗೆ ತಾವೇ ಕಟ್ಟುನಿಟ್ಟಾದ ನಿಯಮಾವಳಿಯೊಂದನ್ನು ವಿಧಿಸಿಕೊಂಡರು. ಅದು ಪೂರ್ತಿಯಾಗಿ ಅಳಿದದ್ದು 2011ರಲ್ಲಿ. ವರ್ಥಮ್ ಕೆಟ್ಟವರಲ್ಲ. ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ಬಡ ಕರಿಯರಿಗಾಗಿ ಚಿಕಿತ್ಸಾಲಯ ನಡೆಸಿದವರು. ಆ ಮಕ್ಕಳನ್ನು ಬೇರೆ ಶಾಲೆಗಳಲ್ಲಿರಿಸುವುದರ ಕೇಡನ್ನು ನ್ಯಾಯಾಲಯದಲ್ಲಿ ಎತ್ತಿ ಹೇಳಿದವರು. ಆದರೆ ಅವರ ಕಾಗದಪತ್ರಗಳನ್ನು ಪರಿಶೀಲಿಸಿದ ಕ್ಯಾರಲ್ ಟಿಲ್ಲಿ ಎಂಬ ಅಮೆರಿಕದ ಸಂಶೋಧಕಿ, ಮಕ್ಕಳ ಮಾತುಗಳನ್ನು ವರ್ಥಮ್ ತಮ್ಮ ವಾದಕ್ಕೆ ಒಪ್ಪುವಂತೆ ತಿದ್ದಿದ್ದರೆಂದು 2012ರಲ್ಲಿ ಪ್ರಕಟಿಸಿದರು. ಮಕ್ಕಳ ಹಿತವನ್ನು ಬಯಸುವವನೂ ಮಕ್ಕಳ ಮಾತಿಗೆ ಕಿವುಡಾಗಬಲ್ಲ. ನಾನಂತೂ ಆ ಹುಡುಗನ ಮಾತನ್ನು ತಿದ್ದಲಿಲ್ಲ, ಕೇಳಲೇ ಇಲ್ಲ.

ನಮ್ಮ ನಾಡಿನ ಮಕ್ಕಳಿಗೆ ಇಂತಹ ವೀರರ ಪರಿಚಯ ಮಾಡಿಸಿದ ಇಂದ್ರಜಾಲ ಕಾಮಿಕ್ಸ್ ಮಾಲೆಯನ್ನು ಟೈಮ್ಸ್ ಆಫ್ ಇಂಡಿಯಾ ಸಂಸ್ಥೆ 1964ರಲ್ಲಿ ಆರಂಭಿಸಿತು. 1990ರವರೆಗೂ ಅದು ನಡೆಯಿತು. ಅದರಲ್ಲಿ ದುಡಿದ ನಮ್ಮ ಕಾರ್ಕಳದ ಅನಂತ ಪೈಯವರೇ, ನಮ್ಮ ಪುರಾಣ ಇತಿಹಾಸಗಳ ಮಹಾಪುರುಷರನ್ನೂ ಇದೇ ಬಗೆಯ ಚಿತ್ರಗಳಲ್ಲಿ ತರಬೇಕೆಂದು 1967ರಲ್ಲಿ ಅಮರ ಚಿತ್ರಕಥೆಯನ್ನು ಕಟ್ಟಿ ಬೆಳೆಸಿದರು. ಚೌಕಗಳಲ್ಲಿ ಚಿತ್ರ ಬರೆದು ವೀರರ ಕಥೆ ಹೇಳುವುದು ನಮಗೇನೂ ಹೊಸದಲ್ಲ. ಊರ ತುರುಗಳನ್ನು ಕಾಯಲು ಹೋರಾಡಿ ಮಡಿದವನ ವೀರಗಲ್ಲನ್ನು ನೋಡಿರಿ: ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ಅಪ್ಸರೆಯರು ಅವನನ್ನು ಒಯ್ಯುವ ನೋಟ, ಮೇಲೆ ಶಿವಲಿಂಗದ ಸನ್ನಿಧಿ. ಇಂತಹ ಕಲ್ಲುಗಳನ್ನು ವರ್ಷಗಟ್ಟಲೆ ವಿದ್ಯಾರ್ಥಿಗಳಿಗೆ ವಿವರಿಸಿದ ನಾನು, ಕಾಗದದ ಮೇಲಿನ ಚೌಕಗಳನ್ನು ಮಾತ್ರ ಓದದೆಯೇ ಒಲೆಗೆ ಹಾಕಿದ್ದೆ.

ಕಟ್ಟಕಡೆಗೆ ಫ್ಯಾಂಟಮ್ ಕಥೆಯನ್ನು ಓದಿದೆ. ಲೀ ಫಾಕ್ ಎಂಬ ಲೇಖಕರು 1936ರಲ್ಲಿ ಸೃಷ್ಟಿಸಿದ ಪಾತ್ರ. ಅವನಿಗೆ ಹಾರುವ ಶಕ್ತಿಯಿಲ್ಲ, ಯಾವ ಪವಾಡವೂ ಇಲ್ಲ. ಕಡಲುಗಳ್ಳರು ತಂದೆಯನ್ನು ಕೊಂದಾಗ ಬದುಕುಳಿದು ದಡ ಸೇರಿದ ಮಗ, ಕೌರ್ಯ ಅನ್ಯಾಯಗಳ ವಿರುದ್ಧ ಹೋರಾಡುವೆನೆಂದೂ ತನ್ನ ಸಂತಾನವೂ ಹೋರಾಡುವುದೆಂದೂ ಪ್ರತಿಜ್ಞೆ ಮಾಡುತ್ತಾನೆ. ಅಂದಿನಿಂದ ಒಬ್ಬ ಫ್ಯಾಂಟಮ್ ಸತ್ತರೆ ಅವನ ಮಗ ಅದೇ ಮುಖವಾಡ ಧರಿಸುತ್ತಾನೆ. ಆದುದರಿಂದ ಕಾಡಿನ ಜನ ಅವನಿಗೆ ಸಾವೇ ಇಲ್ಲವೆಂದು ನಂಬಿದ್ದಾರೆ. ತಂದೆ ಸಾಯುವುದಿಲ್ಲ, ಮಗನಲ್ಲಿ ಉಳಿಯುತ್ತಾನೆಂಬ ಕಥೆ. ತಂದೆಯಿಲ್ಲದ ಆ ಹುಡುಗ ತಲೆದಿಂಬಿನ ಕೆಳಗೆ ಇಟ್ಟುಕೊಂಡಿದ್ದುದು ಇದನ್ನು.

ಈ ಕಥೆಗಳಲ್ಲಿ ದೋಷಗಳಿಲ್ಲವೆಂದು ನಾನು ಹೇಳುವುದಿಲ್ಲ. ಹೊಡೆದಾಟ ಹೆಚ್ಚು, ವ್ಯಾಪಾರವಂತೂ ಇನ್ನೂ ಹೆಚ್ಚು. ಆಫ್ರಿಕದ ಕಾಡಿನ ಜನರನ್ನು ಬಿಳಿಯನೊಬ್ಬನೇ ಕಾಯಬೇಕೆಂಬ ಭಾವನೆ ಫ್ಯಾಂಟಮ್ ಕಥೆಯಲ್ಲಿಯೂ ಉಂಟು. ಬ್ಲ್ಯಾಕ್ ಪ್ಯಾಂಥರ್ ಎಂಬ ಆಫ್ರಿಕದ ವೀರ ಕಾಮಿಕ್ಸಿನಲ್ಲಿ ಕಾಣಿಸಿಕೊಳ್ಳಲು 1966ರವರೆಗೆ ಕಾಯಬೇಕಾಯಿತು. ಬಲಶಾಲಿಯೊಬ್ಬ ಬಂದು ಎಲ್ಲವನ್ನೂ ಸರಿಪಡಿಸುವನೆಂದು ಕೈಕಟ್ಟಿ ಕುಳಿತರೆ ಸಮಾಜ ಉದ್ಧಾರವಾಗದು. ಇವನ್ನೆಲ್ಲ ಮಕ್ಕಳಿಗೆ ತಿಳಿಹೇಳಬಹುದು. ಆದರೆ ಹಾಗೆ ಹೇಳಲು ಮೊದಲು ನಾವು ಓದಿರಬೇಕು.

ಊರಿಗೆ ಮರಳುವ ಮುನ್ನ ಮೊಮ್ಮಗನ ಕೈ ಹಿಡಿದು ಅವೆನ್ಯೂ ರಸ್ತೆಯ ಹಳೆಯ ಪುಸ್ತಕದ ಅಂಗಡಿಗಳಲ್ಲಿ ಅಲೆದು, ಇಂದ್ರಜಾಲದ ಫ್ಯಾಂಟಮ್ ಪುಸ್ತಕವೊಂದನ್ನು ಹುಡುಕಿ ಕೊಂಡೆ. ಅಂದಿನ ಆ ವಿದ್ಯಾರ್ಥಿ ಇಂದು ಐವತ್ತರ ಹತ್ತಿರದ ಗೃಹಸ್ಥ. ಹಳೆಯ ವಿದ್ಯಾರ್ಥಿಗಳಿಂದ ವಿಳಾಸ ಪಡೆದು, ಕ್ಷಮೆ ಕೋರುವ ಪತ್ರದೊಡನೆ ಅಂಚೆಯಲ್ಲಿ ಕಳುಹಿಸಿದೆ. ಮೂರು ವಾರ ಯಾವ ಸುದ್ದಿಯೂ ಬರಲಿಲ್ಲ. ಕಡೆಗೊಂದು ಸಂಜೆ ದೂರವಾಣಿ ಬಂತು. ಯೋಗಕ್ಷೇಮದ ಮಾತುಗಳಾದ ಮೇಲೆ ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಇದು ಆ ಪುಸ್ತಕ ಅಲ್ಲರಿ ಸರ. ಆದರೂ ಇಟಗೊಂತೀನಿ" ಎಂದ.

ಅವನು ಕ್ಷಮಿಸಿದನೆಂದು ಭಾವಿಸುವ ಅಧಿಕಾರ ನನಗಿಲ್ಲ. ಈ ಪತ್ರಿಕೆಯನ್ನು ಓದುವ ತಂದೆತಾಯಂದಿರಲ್ಲಿಯೂ ಗುರುಹಿರಿಯರಲ್ಲಿಯೂ ನನ್ನದೊಂದೇ ಬಿನ್ನಹ. ನಿಮ್ಮ ಮಗು ಅಂತಹ ಪುಸ್ತಕವೊಂದರಲ್ಲಿ ಮೈಮರೆತು ಕುಳಿತಿದ್ದರೆ ಕಸಿದುಕೊಳ್ಳುವ ಮುನ್ನ ಪಕ್ಕದಲ್ಲಿ ಕುಳಿತುಕೊಳ್ಳಿರಿ. ಕಥೆ ಏನೆಂದು ಕೇಳಿರಿ. ಮಗು ಹೇಳುತ್ತದೆ. ಅದನ್ನು ಪೂರ್ತಿಯಾಗಿ ಕೇಳಿಸಿಕೊಂಡ ಮೇಲೆ, ಬುದ್ಧಿ ಹೇಳುವುದಿದ್ದರೆ ಹೇಳಿರಿ.