ಒಂಬತ್ತು ರಸದ ಊರು

ಮಕ್ಕಳೇ, ನಗುವೂ ಅಳುವೂ ಒಂದೇ ಮನೆಯಲ್ಲಿ ಇರಬಹುದೇ? ಸಿಟ್ಟಿನ ಪಕ್ಕದಲ್ಲಿ ಶಾಂತಿ ಕೂಡಬಹುದೇ? ಬೆಂಕಿಗೂ ನೀರಿಗೂ ಸ್ನೇಹವಾದೀತೇ? ಇದನ್ನೇ ಹಾಡಾಗಿ ಬರೆದ ಅರಸನೊಬ್ಬ ನಾನೂರು ವರ್ಷಗಳ ಹಿಂದೆ ನಮ್ಮ ವಿಜಯಪುರದಲ್ಲಿದ್ದ. ಅವನ ಹೆಸರು ಎರಡನೆಯ ಇಬ್ರಾಹಿಂ ಆದಿಲ್‌ಶಾಹ. 1580ರಲ್ಲಿ ಪಟ್ಟಕ್ಕೆ ಬಂದಾಗ ಅವನಿಗೆ ಸುಮಾರು ಒಂಬತ್ತು ವರ್ಷ. ಅಂದರೆ ನಾಲ್ಕನೆಯ ಇಯತ್ತೆಯ ಹುಡುಗ! ಆಡಳಿತವನ್ನು ಮೊದಲಿಗೆ ನೋಡಿಕೊಂಡವಳು ಅವನ ದೊಡ್ಡಮ್ಮ ಚಾಂದ್‌ಬೀಬಿ.

ದೊಡ್ಡವನಾದ ಮೇಲೆ ಈ ಅರಸ 'ಕಿತಾಬ್-ಎ-ನವರಸ್' ಎಂಬ ಹಾಡಿನ ಪುಸ್ತಕ ಬರೆದ. ಭಾಷೆ ದಖನಿ. 'ನೌ' ಎಂದರೆ ದಖನಿಯಲ್ಲಿ ಒಂಬತ್ತು, ಪಾರಸಿಯಲ್ಲಿ ಹೊಸದು. ಶೃಂಗಾರ, ಹಾಸ್ಯ, ಕರುಣ, ರೌದ್ರ, ವೀರ, ಭಯಾನಕ, ಬೀಭತ್ಸ, ಅದ್ಭುತ, ಶಾಂತ ಇವು ಒಂಬತ್ತು ರಸಗಳು. ಒಂದಕ್ಕೊಂದು ಎದುರಾದವೂ ಇವೆ, ನೋಡಿ. ಹಾಸ್ಯ ಬಂದರೆ ಕರುಣ ಸರಿಯಬೇಕು, ರೌದ್ರ ಬಂದರೆ ಶಾಂತ ಓಡಬೇಕು. ಆದರೂ ಒಂದನ್ನು ಬಿಟ್ಟರೆ ಲೆಕ್ಕ ಎಂಟಕ್ಕೆ ಇಳಿಯುತ್ತದೆ. ನಾನು ಬ್ಯಾಂಕಿನಲ್ಲಿ ಗುಮಾಸ್ತನಾಗಿದ್ದವನು. ಜಮಾ ಒಂದು ಕಡೆ, ಖರ್ಚು ಇನ್ನೊಂದು ಕಡೆ ಬರೆದು, ಸಂಜೆ ಎರಡೂ ತಾಳೆಯಾದರೆ ಮಾತ್ರ ಮನೆಗೆ ಹೋಗುತ್ತಿದ್ದೆವು. ಹೀಗಾಗಿ ಈ ಅರಸ ನನಗೆ ಹತ್ತಿರದವನು ಅನ್ನಿಸುತ್ತಾನೆ.

ಬೇಸಿಗೆ ಸೂಟಿಯಲ್ಲಿ ಮೊಮ್ಮಗಳನ್ನು ಕರೆದುಕೊಂಡು ಒಂದು ದಿನದ ತಿರುಗಾಟ ಹೊರಟೆ. ಗೋಲಗುಮ್ಮಟವನ್ನು ಆಕೆ ನೋಡಿಯಾಗಿತ್ತು. ಅದಕ್ಕೇ ಊರಿನ ಪಶ್ಚಿಮಕ್ಕಿರುವ ಇಬ್ರಾಹಿಂ ರೋಜಾದಿಂದ ಸುರು ಮಾಡಿದೆವು. ಒಂದೇ ಎತ್ತರದ ಕಟ್ಟೆಯ ಮೇಲೆ ಎರಡು ಕಟ್ಟಡಗಳು ಎದುರುಬದುರು ನಿಂತಿವೆ. ಒಂದು ಅರಸನ ಗೋರಿ, ಒಂದು ಮಸೀದಿ, ನಡುವೆ ಕಾರಂಜಿಯ ಹೊಂಡ. ಗೋರಿಯ ಕಿಟಕಿಗಳಲ್ಲಿ ಕಲ್ಲನ್ನೇ ಅಕ್ಷರವಾಗಿ ಕೊರೆದಿದ್ದಾರೆ. ಆ ಅಕ್ಷರಗಳ ಸಂದಿಯಿಂದಲೇ ಒಳಗೆ ಬೆಳಕು ಬೀಳುತ್ತದೆ.

ಮೊಮ್ಮಗಳು ಕಿಟಕಿ ಮುಟ್ಟಿ ನೋಡುತ್ತ ಒಮ್ಮೆಲೇ ಕೇಳಿದಳು: "ಅಜ್ಜಾ, ನಮ್ಮ ಸಾಲ್ಯಾಗ ಒಬ್ಬ ಹುಡುಗ 'ಇವು ಯಾವೂ ನಮ್ಮವಲ್ಲ' ಅಂದಾನ. ಖರೇನ?"

ಇಂಥ ಪ್ರಶ್ನೆಗೆ ಅವಸರದ ಉತ್ತರ ಕೊಡಬಾರದು. "ಮೊದಲ ಆ ಅರಸನ ಹಾಡಿನ ಕಥಿ ಕೇಳು. ಆಮ್ಯಾಲ ನೀನ ಹೇಳು" ಅಂದೆ.

ಅವನ ಪುಸ್ತಕ ಸರಸ್ವತಿಯ ಸ್ತುತಿಯಿಂದ ಸುರುವಾಗುತ್ತದೆ. ಗಣಪತಿಯನ್ನು ತಂದೆಯೆಂದೂ ಸರಸ್ವತಿಯನ್ನು ತಾಯಿಯೆಂದೂ ಕರೆದುಕೊಂಡ ಅವನೇ ಕಲಬುರ್ಗಿಯ ಖ್ವಾಜಾ ಬಂದೇನವಾಜರನ್ನೂ ಮನಸಾರೆ ಹಾಡಿದ್ದಾನೆ. ಭೈರವ ರಾಗಕ್ಕೆ ಶಿವನ ರೂಪ ಕೊಟ್ಟಿದ್ದಾನೆ. ಶಿವನನ್ನು ನೆನೆಸಿಕೊಳ್ಳಿ: ಹಣೆಗಣ್ಣಿನಲ್ಲಿ ಬೆಂಕಿ, ಜಡೆಯಲ್ಲಿ ಗಂಗೆ. ಬೆಂಕಿ ಗಂಗೆಯನ್ನು ಆರಿಸುವುದಿಲ್ಲ, ಗಂಗೆ ಬೆಂಕಿಯನ್ನು ನಂದಿಸುವುದಿಲ್ಲ. ಎರಡಕ್ಕೂ ಅವುಗಳದೇ ಜಾಗವಿದೆ.

ಅರಸನಿಗೆ ಎರಡು ಜೀವಗಳೆಂದರೆ ಪ್ರಾಣ. ಒಂದು ಆನೆ, ಹೆಸರು ಆತಶ್ ಖಾನ್. ಆತಶ್ ಎಂದರೆ ಬೆಂಕಿ. ಇನ್ನೊಂದು ತಂಬೂರಿ, ಅದರ ಹೆಸರು ಮೋತಿ ಖಾನ್. ಮೋತಿ ಎಂದರೆ ನೀರಿನಲ್ಲಿ ಹುಟ್ಟುವ ಮುತ್ತು. ತಂಬೂರಿಗೂ ಖಾನ್ ಎಂಬ ಹೆಸರೇ ಎಂದು ಮೊಮ್ಮಗಳು ನಕ್ಕಿದ್ದೇ ನಕ್ಕಿದ್ದು.

ಅಲ್ಲಿಂದ ಟಂಟಂ ಹತ್ತಿ ತೊರವಿಗೆ ಬಂದೆವು. ಕುಮಾರ ವಾಲ್ಮೀಕಿ ಕನ್ನಡದಲ್ಲಿ 'ತೊರವೆ ರಾಮಾಯಣ' ಬರೆದದ್ದು ಈ ಊರಿನ ನರಸಿಂಹನ ಅಂಕಿತದಲ್ಲಿ. ಇದರ ಬಾಜೂಕ್ಕೇ 1599ರಲ್ಲಿ ಇಬ್ರಾಹಿಂ 'ನವರಸಪುರ' ಎಂಬ ಹೊಸ ಪಟ್ಟಣ ಕಟ್ಟಿಸತೊಡಗಿದ. ಹಾಡುವವರಿಗೆ, ಓದುವವರಿಗೆ, ಚಿತ್ರ ಬರೆಯುವವರಿಗೆ ಒಂದು ಊರು! ಆದರೆ 1624ರಲ್ಲಿ ಅಹಮದನಗರದ ಮಲಿಕ್ ಅಂಬರನ ಸೈನ್ಯ ಬಂದು ಅದನ್ನು ಹಾಳುಗೆಡವಿತು. ಈಗ ಉಳಿದದ್ದು ಸಂಗೀತ ಮಹಲಿನ ಎತ್ತರದ ಕಮಾನು, ಒಂದಿಷ್ಟು ಗೋಡೆ, ಸುತ್ತ ಹೊಲ. ಇಬ್ರಾಹಿಂ ಬದುಕಿರುವಾಗಲೇ ಅವನ ಊರು ಬಿತ್ತು. ಬೇರೆ ಬೇರೆ ಮನಸ್ಸುಗಳನ್ನು ಕೂಡಿಸಲು ಇಪ್ಪತ್ತೈದು ವರ್ಷ ಬೇಕು, ಕೆಡವಲು ಕೆಲವು ದಿನ ಸಾಕು. ಮೊಮ್ಮಗಳು ಕಮಾನಿನ ಕೆಳಗೆ ನಿಂತು ಶಾಲೆಯ ಪ್ರಾರ್ಥನೆ ಹಾಡಿದಳು. ಕೇಳಲು ನಾನು, ನಾಲ್ಕು ಆಡು.

ಅದೇ ರಸ್ತೆಯಲ್ಲಿ ಮುಂದೆ ಹೋದರೆ ತಿಕೋಟಾ. ಎಲ್ಲಿ ನೋಡಿದರೂ ದ್ರಾಕ್ಷಿ ತೋಟ. ಬರಕ್ಕೆ ಹೆಸರಾದ ಸೀಮೆಯಲ್ಲಿ ಇಷ್ಟು ಸಿಹಿ ಹೇಗೆ? ಪರಿಚಯದ ರೈತರೊಬ್ಬರು ಒಣದ್ರಾಕ್ಷಿ ಶೆಡ್ಡಿಗೆ ಕರೆದೊಯ್ದರು. ಮಹಡಿ ಮಹಡಿಯಾಗಿ ಬಲೆ ಕಟ್ಟಿ ಹಣ್ಣು ಹರವಿದ್ದರು.

"ಬಿಸಲಿನ್ಯಾಗ ಯಾಕ ಇಟ್ಟಿಲ್ರಿ ಕಾಕಾ?" ಮೊಮ್ಮಗಳು ಕೇಳಿದಳು.

"ಬಿಸಲ ಇಲ್ದ ಒಣಗಂಗಿಲ್ಲ ತಂಗಿ. ಬಿಸಲಿಗೇ ಒಡ್ಡಿದ್ರ ಕರ್ರಗ ಆಗ್ತಾವ. ನೆಳ್ಳಾಗ ಇಟ್ಟು ಬಿಸಿಗಾಳಿ ಆಡಸ್ಬೇಕು. ಬೇರಿಗೆ ನೀರು ಬೇಕು, ಒಣಗೂ ಮುಂದ ಹನಿ ಮಳಿನೂ ಬ್ಯಾಡ. ನಡುವ ಮಳಿ ಬಂತಂದ್ರ ವರ್ಷದ ದುಡಿಮಿ ಹೋತು."

ಅವರು ಆಕೆಯ ಮುಷ್ಟಿ ತುಂಬ ಒಣದ್ರಾಕ್ಷಿ ಕೊಟ್ಟರು. ಬಿಸಿಲು ನೆರಳು ಎರಡೂ ಸೇರಿದ ರಸ ಅದು.

ಅಲ್ಲಿಂದ ಬಬಲೇಶ್ವರದ ಕಡೆ ಹೊರಳಿದೆವು. ತುಬಚಿ-ಬಬಲೇಶ್ವರ ಏತ ನೀರಾವರಿಯಿಂದ ಕೃಷ್ಣೆಯ ನೀರು ಈ ಎತ್ತರದ ಹೊಲಗಳಿಗೂ ಬಂದಿದೆ. ಬಬಲೇಶ್ವರ ತಾಲೂಕಿನ ಮಮದಾಪುರದ ಕೆರೆ ನಮ್ಮ ಕೊನೆಯ ನಿಲುಗಡೆ. ಕಟ್ಟಿಸಿದವನು ಇಬ್ರಾಹಿಮನ ಮಗ ಮುಹಮ್ಮದ್ ಆದಿಲ್‌ಶಾಹ. ಗೋಲಗುಮ್ಮಟದಲ್ಲಿ ಮಲಗಿರುವವನು ಇವನೇ. ತಂದೆ ಹಾಡು ಬಿಟ್ಟುಹೋದ, ಮಗ ನೀರು ಬಿಟ್ಟುಹೋದ. ಈಗ ಈ ಹಳೆಯ ಕೆರೆಗೂ ಕೃಷ್ಣೆಯ ನೀರನ್ನು ಎತ್ತಿ ತುಂಬಿಸುತ್ತಾರೆ.

ಏರಿಯ ಮೇಲೆ ಕೂತು ಬುತ್ತಿ ಬಿಚ್ಚಿದೆವು. ಖಡಕ್ ರೊಟ್ಟಿ, ಶೇಂಗಾ ಹಿಂಡಿ, ಮೊಸರು. ದನ ಕಾಯುವವರು, ಬಟ್ಟೆ ಒಗೆಯುವವರು, ಮೀನು ಹಿಡಿಯುವವರು ಬಂದು ಹೋಗುತ್ತಿದ್ದರು. ಮೊಮ್ಮಗಳು ಬಹಳ ಹೊತ್ತು ಸುಮ್ಮನಿದ್ದು ಕಡೆಗೆ ಅಂದಳು: "ಅಜ್ಜಾ, ಸಾಲಿ ಸುರು ಆದಮ್ಯಾಲ ಆ ಹುಡುಗನ್ನೂ ಕರಕೊಂಡ ಬರೂಣೇನ? ಅವಗ ಆತಶ್ ಖಾನನ ಕಥಿ ಗೊತ್ತಿಲ್ಲ, ಪಾಪ."

"ಬರೂಣ. ಅವರ ಅಜ್ಜಗೂ ಬಾ ಅನ್ನು" ಅಂದೆ.

ನೀವೂ ಬನ್ನಿ. ಮುಂಜಾನೆ ಲಗೂನೆ ಹೊರಡಿ, ಮಧ್ಯಾಹ್ನದ ಬಿಸಿಲು ಬಲು ಜೋರು. ತಲೆಗೆ ಟೊಪ್ಪಿಗೆ, ಕೈಯಲ್ಲಿ ನೀರಿನ ಬಾಟಲಿ ಇರಲಿ. ದಾರಿಯಲ್ಲಿ ಅಜ್ಜ-ಅಜ್ಜಿಯರು ಒಂಬತ್ತು ರಸಗಳ ಹೆಸರು ಹೇಳಿಕೊಡಲಿ. ಸಂಗೀತ ಮಹಲಿನ ಮುಂದೆ ನಿಂತಾಗ ಪ್ರತಿಯೊಂದನ್ನೂ ಮುಖದಲ್ಲಿ ಮಾಡಿ ತೋರಿಸಿ. ನಮ್ಮ ಮೊಮ್ಮಗಳಿಗೆ ಎಂಟು ಬಂದವು. ರೌದ್ರ ಮಾಡುವಾಗ ಮಾತ್ರ ನಗೆ ತಡೆಯಲಾಗಲಿಲ್ಲ.