ಹಸಿ ಕಸವೋ, ಒಣ ಕಸವೋ?

ಇವತ್ತು ಮುಂಜಾನೆ ಕಸದ ಗಾಡಿಯವ ನನ್ನ ಬುಟ್ಟಿಯೊಳಗೆ ಹಣಿಕಿ ಹಾಕಿ ಕೇಳಿದ: ‘ಇದು ಹಸಿ ಕಸಾನೋ, ಒಣಾ ಕಸಾನೋ ಸರ?’ ಬುಟ್ಟಿಯಲ್ಲಿದ್ದದ್ದು ಎರಡು ತಾಸು ಕುಕ್ಕರಗಾಲಲ್ಲಿ ಕುಳಿತು ಕಿತ್ತ ವೆಡೇಲಿಯಾ ಬಳ್ಳಿ. ‘ಇದು ಆ ಕಸಾ ಅಲ್ಲೋ ತಮ್ಮಾ, ಈ ಕಸಾ!’ ಅಂದೆ. ಅವ ನನ್ನ ಮುಖ ನೋಡಿದ.

ಅವನ ತಪ್ಪಿಲ್ಲ. ನಮ್ಮ ಧಾರವಾಡದಲ್ಲಿ ಅಂಗಳ ಗುಡಿಸಿದರೂ ಕಸ, ಹೊಲದಲ್ಲಿ ಕಿತ್ತರೂ ಕಸ. ‘ಕಳೆ’ ಅನ್ನೋಣವೆಂದರೆ ಅದು ಇನ್ನೂ ಎಡವಟ್ಟು: ಮುಖದ ಮೇಲಿದ್ದರೆ ಬೇಕು, ಮಡಿಯಲ್ಲಿದ್ದರೆ ಬೇಡ. ಕಳೆ ಕಿತ್ತವನ ಮುಖದಲ್ಲಿ ಕಳೆ ಉಳಿಯುವುದಿಲ್ಲ ಎನ್ನುವುದು ಬೇರೆ ಮಾತು.

ಹೆಸರಿನ ವಿಷಯಕ್ಕೆ ಬಂದರೆ ಕಾಂಗ್ರೆಸ್ ಕಸವನ್ನು ಮೀರಿಸುವುದು ಯಾವುದಿದೆ? 1950ರ ದಶಕದಲ್ಲಿ ಪುಣೆಯಲ್ಲಿ ತಲೆ ಎತ್ತಿದ ಪಾರ್ಥೇನಿಯಂ ಅದು. ಅಮೆರಿಕದ ಗೋಧಿಯ ಜೊತೆ ಬಂತೆಂದು ಕೆಲವರು, ಹೂವು ಬಿಳಿ ಟೋಪಿಯಂತಿದೆಯೆಂದು ಕೆಲವರು, ಪಕ್ಷದ ತಲೆಗೆ ಕಟ್ಟಿಬಿಟ್ಟರು. ಸರಕಾರ ಬದಲಾದರೂ ಗಿಡದ ಹೆಸರು ಬದಲಾಗಲಿಲ್ಲ. ಅದನ್ನು ತಿನ್ನಲೆಂದು 1984ರಲ್ಲಿ ಬೆಂಗಳೂರಲ್ಲಿ ಮೆಕ್ಸಿಕೋದ ದುಂಬಿ ಬಿಟ್ಟರು. ಇಲ್ಲಿ ನಮ್ಮ ಕೃಷಿ ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಂ. ಮಹಾದೇವಪ್ಪನವರು ಕ್ಯಾಸಿಯಾ ಬೀಜ ಚೆಲ್ಲಿರೆಂದರು. ಅದು ದಟ್ಟವಾಗಿ ಬೆಳೆದು ಕಾಂಗ್ರೆಸ್ಸನ್ನು ಅಮುಕಿ ಹಾಕುತ್ತದೆ. ಆ ಕ್ಯಾಸಿಯಾ ಕೂಡ ಅಮೆರಿಕ ಖಂಡದ್ದೇ!

ನಾನೂ ಅದೇ ಲೆಕ್ಕ ಹಾಕಿದೆ. ಸಪ್ತಾಪುರದ ನಮ್ಮ ಕಂಪೌಂಡಿನಲ್ಲಿ ಕಾಂಗ್ರೆಸ್ ಏಳದಿರಲೆಂದು ನರ್ಸರಿಯಿಂದ ಹಳದಿ ಹೂವಿನ ವೆಡೇಲಿಯಾ ತಂದೆ. ‘ಭಾಳ ಛಲೋ ಹಬ್ಬತೈತ್ರಿ’ ಅಂದಿದ್ದ ನರ್ಸರಿಯವ. ಸುಳ್ಳು ಹೇಳಲಿಲ್ಲ ಪುಣ್ಯಾತ್ಮ. ಆರು ವರ್ಷದಲ್ಲಿ ಅದು ಕರಿಬೇವಿನ ಬುಡ, ತುಳಸಿಕಟ್ಟೆ, ನೀರಿನ ಮೀಟರು ದಾಟಿ ಗೇಟಿಗೆ ಬಂತು. ಕುರ್ಚಿಗಿ ಹಾಕಿ ಎಬ್ಬಿಸಿದರೆ ಗೆಣ್ಣು ಗೆಣ್ಣಿಗೂ ಶಾವಿಗೆಯಂಥ ಬಿಳಿ ಬೇರು. ಜಗ್ಗಿದರೆ ಪಟ್ಟನೆ ಹರಿಯುತ್ತದೆ. ಉಳಿದ ಒಂದು ಗೆಣ್ಣು ಸಾಕು, ವಾರದಲ್ಲಿ ಮತ್ತೆ ಎರಡು ಎಲೆ.

ಗಾಡಿಗೆ ಹಾಕಿದರೆ ಬಿದ್ದಲ್ಲೆಲ್ಲ ಬೇರು ಬಿಟ್ಟೀತೆಂದು ಬುಟ್ಟಿ ವಾಪಸ್ ತಂದು ತಾರಸಿಯ ಮೇಲೆ ಹರವಿದೆ. ಒಣಗಿದರೆ ಒಣ ಕಸವಾದರೂ ಆದೀತು. ಆದರೆ ಈ ಶ್ರಾವಣದ ಜಿಟಿಜಿಟಿ ಮಳೆಯಲ್ಲಿ ಒಣಗುವುದಿರಲಿ, ಅಲ್ಲೇ ಚಿಗುರುವ ಲಕ್ಷಣ ಕಾಣುತ್ತಿದೆ.

ಹಿಂದೆ, ವೆಡೇಲಿಯಾ ಹಬ್ಬಿದ ಜಾಗದ ತುಂಬ ಕರಕಿ ಇತ್ತು. ನಾನು ಅದನ್ನೂ ಕಸವೆಂದು ಕೀಳುತ್ತಿದ್ದೆ. ಅವ್ವ ಕಟ್ಟೆಯ ಮೇಲೆ ಕೂತು, ‘ಒಂದು ಮೂಲ್ಯಾಗರೆ ಬಿಡೋ, ಗಣಪ್ಪಗ ಬೇಕಾಗತೈತಿ’ ಅನ್ನುತ್ತಿದ್ದಳು. ನಾನು ಬಿಡಲಿಲ್ಲ. ಈಗ ಪ್ರತಿ ಚೌತಿಗೂ ರೊಕ್ಕ ಕೊಟ್ಟು ಕರಕಿಯ ಸಿವುಡು ತರುತ್ತೇನೆ; ಅದರಲ್ಲಿ ಅರ್ಧ ಬಾಡಿರುತ್ತದೆ.

ಇವತ್ತು ಗೋಡೆಯ ಸಂದಿಯಲ್ಲಿ, ಬಳ್ಳಿಯಡಿ ಬಿಸಿಲು ಕಾಣದೆ ಬಿಳಿಚಿಕೊಂಡ ಕರಕಿ ಸಿಕ್ಕಿತು. ಎಣಿಸಿದೆ, ಮೂರೇ ಎಳೆ. ಇನ್ನು ಹದಿನೆಂಟು ಮಾರ್ಕೆಟ್ಟಿನಿಂದ ಬರಬೇಕು.