ಕುಲೆ ಮದುವೆಯ ನಗು

2024ರ ಮೇ ತಿಂಗಳಲ್ಲಿ ಪುತ್ತೂರು ಕಡೆಯ ಒಂದು ಮನೆಯವರು ಪತ್ರಿಕೆಗೆ ಜಾಹೀರಾತು ಕೊಟ್ಟರು. ಸುಮಾರು 30 ವರ್ಷಗಳ ಹಿಂದೆ ತೀರಿಹೋದ ಮಗಳಿಗೆ ವರ ಬೇಕು. ಅವನೂ ಅಷ್ಟೇ ಹಿಂದೆ ತೀರಿಹೋದವನಾಗಿರಬೇಕು, ಜಾತಿ ಒಂದೇ ಇರಬೇಕು, ಬರಿ, ಅಂದರೆ ಗೋತ್ರ, ಬೇರೆ ಇರಬೇಕು. ಆ ತುಣುಕು ಮೊಬೈಲಿಂದ ಮೊಬೈಲಿಗೆ ಹಾರಿತು. ಕೋಡಿಂಬಾಳ ಸ್ಟೇಷನ್ನಿನಲ್ಲಿ ರೈಲು ಕಾಯುತ್ತಿದ್ದ ಹುಡುಗರ ಬಾಯಲ್ಲೂ ಅದೇ. “ಹುಡುಗ ಎಲ್ಲಿ ಕೆಲಸದಲ್ಲಿದ್ದಾನಂತೆ ಮಾರಾಯ?” “ಹನಿಮೂನ್ ಎಲ್ಲಿಗಂತೆ?”

ಜನ ಹೀಗೆ ನಗುತ್ತಾರೆಂದು ಅಂಜುತ್ತಲೇ ಆ ಮನೆಯವರು ಜಾಹೀರಾತು ಕೊಟ್ಟದ್ದಂತೆ. ಆದರೆ ಐವತ್ತರಷ್ಟು ಮಂದಿ ಕರೆ ಮಾಡಿದರೆಂದು ಅವರೇ ಆಗ ಪತ್ರಿಕೆಯವರಿಗೆ ಹೇಳಿದ್ದರು. ಅಂದರೆ ಅಷ್ಟು ಮನೆಗಳಲ್ಲಿ ಯಾರೋ ಒಬ್ಬರ ಪ್ರಾಯವನ್ನು ಇಂದಿಗೂ ಎಣಿಸುತ್ತಿದ್ದಾರೆ.

ತುಳುನಾಡಿಗೆ ಕುಲೆ ಮದುವೆ ಹೊಸತಲ್ಲ. ಎಳವೆಯಲ್ಲಿ ಹೋದ ಮಕ್ಕಳು ಕುಲೆಗಳಾಗಿ, ಅಂದರೆ ಪ್ರೇತಗಳಾಗಿ, ಮನೆಯ ಸುತ್ತಲೇ ಇರುತ್ತಾರೆ, ಅಲ್ಲೇ ಬೆಳೆಯುತ್ತಾರೆ, ಮದುವೆಯ ಪ್ರಾಯಕ್ಕೂ ಬರುತ್ತಾರೆ ಎಂಬುದು ನಂಬಿಕೆ. ಹೆಚ್ಚಾಗಿ ಮಳೆಗಾಲದ ಆಟಿ ತಿಂಗಳಲ್ಲಿ ಮದುವೆ. ಹೆಣ್ಣು ನೋಡುವ ಮಾತುಕತೆಯಿಂದ ಧಾರೆ, ಊಟದವರೆಗೆ ಯಾವುದನ್ನೂ ಬಿಡುವುದಿಲ್ಲ. ಹೆಣ್ಣಿನ ಪ್ರಾಯ ಹೆಚ್ಚಾಯಿತೆಂದು ಗಂಡಿನ ಕಡೆಯವರು ಸಂಬಂಧ ಬಿಟ್ಟದ್ದೂ ಉಂಟು. ಮದುವೆಯಾಗದವರಿಗೆ, ಮಕ್ಕಳಿಗೆ ಅಲ್ಲಿ ಪ್ರವೇಶವಿಲ್ಲ.

ನಾನು ನೋಡಿದ ಒಂದು ಮದುವೆಯಲ್ಲಿ ಎರಡು ಮಣೆ ಇಟ್ಟಿದ್ದರು. ಒಂದರ ಮೇಲೆ ಪಂಚೆ, ಶಾಲು. ಇನ್ನೊಂದರ ಮೇಲೆ ಕೆಂಪು ಸೀರೆ, ಬಳೆ, ಕರಿಮಣಿ, ಒಂದು ಚೆಂಡು ಮಲ್ಲಿಗೆ. ಹುಡುಗಿಯ ದೊಡ್ಡಮ್ಮನಿಗೆ ಸೀರೆಯ ನೆರಿಗೆ ಎಷ್ಟು ಹಿಡಿದರೂ ಸಮಾಧಾನವಿಲ್ಲ. ಬಿಡಿಸುವುದು, ಮತ್ತೆ ಹಿಡಿಯುವುದು. ಗಂಡಿನ ಕಡೆಯ ಹೆಂಗಸೊಬ್ಬರು, “ನಿಮ್ಮ ಹುಡುಗಿಗೆ ಮೀನುಸಾರು ಮಾಡ್ಲಿಕ್ಕೆ ಬರ್ತದಾ? ನಮ್ಮವನಿಗೆ ಅದಿಲ್ಲದೆ ಊಟ ಸೇರುದಿಲ್ಲ” ಎಂದರು. ಎಲ್ಲರೂ ನಕ್ಕರು. ಹುಡುಗಿಯ ತಾಯಿ ಎಲ್ಲರಿಗಿಂತ ಜೋರಾಗಿ ನಕ್ಕಳು, ನಗುತ್ತ ನಗುತ್ತಲೇ ಅತ್ತಳು. ಆ ಹೆಂಗಸಿನ ತಮಾಷೆ ಮಗುವನ್ನು ಮನೆಯ ಸೊಸೆಯೆಂದು ಎಣಿಸಿತ್ತು. ಸ್ಟೇಷನ್ನಿನ ತಮಾಷೆಗೆ ಅಂಥ ಮಗುವೊಂದು ಇತ್ತೆಂಬುದೇ ಗೊತ್ತಿರಲಿಲ್ಲ. ನಂಬಿಕೆ ನಿಜವೋ ಸುಳ್ಳೋ ಎಂಬ ಚರ್ಚೆ ಬೇಕಾದರೆ ಮಾಡೋಣ. ಆ ತಾಯಿಯ ಎದುರು ಬೇಡ.

ಅಂದು ಸ್ಟೇಷನ್ನಿನಲ್ಲಿ ಹುಡುಗರ ಪಕ್ಕದಲ್ಲಿ ಕೂತಿದ್ದ ಹಿರಿಯರೊಬ್ಬರು ಗದರಲಿಲ್ಲ. ಗದರಿದ್ದರೆ ನಗು ಇನ್ನೂ ಏರುತ್ತಿತ್ತು. “ಇದ್ದಿದ್ದರೆ ಅವಳಿಗೀಗ ಮೂವತ್ತು ದಾಟಿರ್ತಿತ್ತು ಮಗಾ. ನಿನ್ನ ಅಕ್ಕನ ಪ್ರಾಯ” ಎಂದರು, ಅಷ್ಟೇ. ಸ್ವಲ್ಪ ಹೊತ್ತು ಬಿಟ್ಟು ಅದೇ ಹುಡುಗ ಕೇಳಿದ: “ಸೀರೆ ನಿಜಕ್ಕೂ ಹೊಸತೇ ತರ್ತಾರಾ ಅಜ್ಜ?” ಅಜ್ಜ ರೈಲು ಬರುವವರೆಗೂ ವಿವರಿಸಿದರು.

ದುಃಖದಲ್ಲಿದ್ದವರೇ ತಮಾಷೆ ಮಾಡಿದರೆ ಮಾತ್ರ ಲೆಕ್ಕ ಬೇರೆ. ನಮ್ಮೂರ ಬೊಜ್ಜದ (ಉತ್ತರಕ್ರಿಯೆಯ) ಊಟವೊಂದರಲ್ಲಿ ತೀರಿಹೋದವರ ಹೆಂಡತಿಯೇ, “ಅವರಿಗೆ ಹಪ್ಪಳ ಎಷ್ಟಿದ್ದರೂ ಸಾಲ್ತಿರ್ಲಿಲ್ಲ, ಇವತ್ತು ಬಡಿಸುವವರು ಬಚಾವು” ಎಂದರು. ಪಂಕ್ತಿಯಲ್ಲಿ ಕೆಲವರು, “ಛೆ, ಹಾಗೆಲ್ಲ ಹೇಳ್ಬೇಡಿ ಅಕ್ಕ” ಎಂದು ಬಾಯಿ ಮುಚ್ಚಿಸಿದರು. ಅವರು ಮತ್ತೆ ಗಂಡನ ಸುದ್ದಿಯನ್ನೇ ಎತ್ತಲಿಲ್ಲ. ಅವರಿಗೆ ಇನ್ನೂ ಹೇಳಲಿಕ್ಕಿತ್ತು.

ನಿಮ್ಮ ಎದುರು ಯಾರಾದರೂ ಹಾಗೆ ಹೇಳಿದರೆ ದಯವಿಟ್ಟು ಅವರೊಂದಿಗೆ ನಗಿ. ಆಮೇಲೆ, “ಇನ್ನೇನು ಇಷ್ಟ ಇತ್ತು ಅವರಿಗೆ?” ಎಂದು ಕೇಳಿ, ಹೇಳಿ ಮುಗಿಸುವವರೆಗೆ ಕೂತಿರಿ.